ಎದ್ದುಬಂದವಳ ಗವಿ

ಕಡವಿನಹಾಳದ ಬಸ್ ನಿಲ್ದಾಣದಲ್ಲಿ ಇಳಿದು ಪಡುವಣಕ್ಕೆ ನೋಡಿದರೆ, ಕೆರೆಯ ಆಚೆ, ಮಗುಚಿಟ್ಟ ಕಡಾಯಿಯಂತಹ ಒಂದು ಬಂಡೆಗುಡ್ಡ ಕಾಣುತ್ತದೆ. ಅದರ ಹೆಗಲಿನಲ್ಲಿರುವ ಗವಿಗೆ ಎದ್ದುಬಂದವಳ ಗವಿ ಎಂದು ಹೆಸರು. ಯಾವುದೋ ದೇವಿ ನೆಲದಿಂದ ಎದ್ದುಬಂದಳೆಂದು ತಿಳಿದು ಹೊರಗಿನವರು ಅರಿಶಿನ ಕುಂಕುಮ ಹಿಡಿದು ಹತ್ತುತ್ತಾರೆ. ಅದು ತಪ್ಪು. ಇಲ್ಲಿ ಎದ್ದುಬಂದವಳು ದೇವಿಯಲ್ಲ, ವಿದ್ಯಾರ್ಥಿನಿ; ಅವಳು ಎದ್ದುಬಂದದ್ದು ನೆಲದಿಂದಲ್ಲ, ಪರೀಕ್ಷೆಯ ನಡುವಿನಿಂದ.

ಹಿಂದೆ ಒಮ್ಮೆ ಈ ಗುಡ್ಡದಲ್ಲಿ ಬೆಳಕಿನವರು ಎಂಬ ಪಂಥದವರು ನೆಲೆಸಿದ್ದರು ಎನ್ನುತ್ತಾರೆ. ಕಣ್ಣು ವಸ್ತುವನ್ನು ಹುಡುಕಿಕೊಂಡು ಹೋಗುವುದಿಲ್ಲ, ಬೆಳಕೇ ವಸ್ತುವನ್ನು ಕಣ್ಣಿನವರೆಗೆ ತಂದು ಬಿಡುತ್ತದೆ. ಹಾಗೆ ಬಂದದ್ದನ್ನು ಮನಸ್ಸು ತನಗೆ ಬೇಕಾದ ಹಾಗೆ ತಿರುಗಿಸಿಕೊಳ್ಳುತ್ತದೆ. ಎಲ್ಲ ಸುಳ್ಳಿನ ಮೂಲ ಆ ತಿರುಗಿಸುವಿಕೆ ಎಂಬುದು ಅವರ ಮತ. ಆದ್ದರಿಂದ ಅವರಲ್ಲಿ ಸೇರಬಯಸಿದವರು ಕತ್ತಲೆಯ ಗವಿಯಲ್ಲಿ ಸೂರ್ಯೋದಯದಿಂದ ಸೂರ್ಯಾಸ್ತದವರೆಗೆ ಕೂರಬೇಕಾಗಿತ್ತು. ಗವಿಯ ಕದದಲ್ಲಿ ಬೆರಳು ತೂರುವಷ್ಟು ಒಂದು ಕಿಂಡಿ. ಅದರಿಂದ ಬಂದ ಬೆಳಕು ಒಳಗಿನ ಗೋಡೆಯ ಮೇಲೆ ಹೊರಗಿನ ಲೋಕವನ್ನೇ ಬಿಡಿಸುತ್ತಿತ್ತು, ಆದರೆ ತಲೆಕೆಳಗಾಗಿ. ಆಕಾಶ ಕೆಳಗೆ, ಕೆರೆ ಮೇಲೆ. ಹೊರಗೆ ಬಡಗಣದಲ್ಲಿದ್ದದ್ದು ಗೋಡೆಯ ತೆಂಕಣಕ್ಕೆ. ಅಲ್ಲಿ ಕಂಡದ್ದನ್ನು ಕಂಡ ಹಾಗೆಯೇ, ತಿರುಗಿಸದೆ, ಕೂಗಿ ಹೇಳಬೇಕು. ಪರೀಕ್ಷಕರು ಹೊರಗಿನ ಕಲ್ಲಾಸನಗಳಲ್ಲಿ ಬಯಲಿಗೆ ಬೆನ್ನು ಹಾಕಿ, ಬಂಡೆಗೆ ಮುಖ ಮಾಡಿ ಕೇಳುತ್ತ ಕೂರುವರು. ತಾವೇ ನೋಡಿಬಿಟ್ಟರೆ ಮಾತನ್ನು ಕೇಳುವುದಿಲ್ಲ ಎಂಬ ಕಟ್ಟುನಿಟ್ಟು. ಹೊತ್ತು ಮುಳುಗುವ ಮೊದಲು ಕದ ತೆರೆದವರಿಗೆ ಪಂಥದಲ್ಲಿ ಮತ್ತೆ ಜಾಗವಿಲ್ಲ.

ಅಕ್ಕಸಾಲಿಗನ ಮಗಳು ಮಾಳಬ್ಬೆ ಆ ಪರೀಕ್ಷೆಗೆ ಕುಳಿತ ಮೊದಲ ಹೆಣ್ಣು. ಆಚಾರ್ಯ ಉದಯಭಟಾರರು ಅವಳಿಗೆ ತಾವೇ ಪಾಠ ಹೇಳಿದ್ದರು. ಹಿರಿಯ ಪರೀಕ್ಷಕ ಕೊಂಡಯ್ಯನಿಗೆ ಅದು ಹಿಡಿಸಿರಲಿಲ್ಲ. ಅವಳು ಒಳಗೆ ಹೋಗುವಾಗ ಎಲ್ಲರಿಗೂ ಕೇಳುವಂತೆ ಅವನು, "ಮಧ್ಯಾಹ್ನ ಒಲೆಯ ನೆನಪಾದರೆ ಎದ್ದುಬರುತ್ತೀಯೇನಮ್ಮ?" ಎಂದ.

"ಒಲೆ ಹಚ್ಚಿ ಬಂದಿಲ್ಲ ಅಯ್ಯಾ, ನೀವು ನಿಶ್ಚಿಂತೆಯಿಂದಿರಿ," ಎಂದು ಮಾಳಬ್ಬೆ ಕದ ಮುಚ್ಚಿಕೊಂಡಳು. ನಗು ಬಂದಿದ್ದರೂ ಅವಳಿಗೆ ಗೊತ್ತಿತ್ತು: ತಾನು ಎದ್ದುಬಂದರೆ ಈ ಕದ ತನ್ನ ಹಿಂದಿನಿಂದ ಎಲ್ಲ ಹೆಣ್ಣುಮಕ್ಕಳಿಗೂ ಮುಚ್ಚುತ್ತದೆ.

ಬೆಳಗ್ಗೆ ಚಿತ್ರ ಮಂಕಾಗಿತ್ತು. ಹೊತ್ತು ಪಡುವಣಕ್ಕೆ ವಾಲಿ ಬಯಲಿಗೆಲ್ಲ ಬಿಸಿಲು ಬಿದ್ದಾಗ ಗೋಡೆ ಬಣ್ಣ ಏರಿತು. ಮಳೆಗಾಲದ ತುಂಬಿದ ಕೆರೆ, ಉದ್ದನೆಯ ಏರಿ, ಏರಿಯಾಚೆ ಹೊಲ, ಅದರಾಚೆ ಊರು, ಎಲ್ಲವೂ ಬಾವಲಿಯಂತೆ ಜೋತುಬಿದ್ದಿದ್ದವು. ಮಾಳಬ್ಬೆ ಒಂದೊಂದನ್ನೂ ಕಂಡ ಹಾಗೆ ಹೇಳುತ್ತ ಹೋದಳು. ಆಗಲೇ ಏರಿಯಾಚೆಯ ಹೊಲದಲ್ಲಿ ಕೂದಲೆಳೆಯಷ್ಟು ಹೊಳಪು ಮೂಡಿತು. ನೋಡುತ್ತಿದ್ದಂತೆ ಅದು ದಾರವಾಯಿತು, ದಾರ ಹಗ್ಗವಾಯಿತು. "ಏರಿಯ ತೆಂಕಣ ತುದಿಯಲ್ಲಿ ನೀರು ಒಡೆದು ಬರುತ್ತಿದೆ!" ಎಂದು ಕೂಗಿದಳು.

ಅವಳು ಹೇಳಿದ್ದು ವ್ರತಕ್ಕೆ ತಕ್ಕಂತೆ ಗೋಡೆಯ ತೆಂಕಣವನ್ನು; ಹೊರಗೆ ಅದು ಕೆರೆಯ ಬಡಗಣ. ಇಂತಹ ಗಂಡಾಂತರದಲ್ಲಿ ಯಾರಾದರೂ ಗೋಡೆಯ ಮಾತಾಡುತ್ತಾರೆಯೇ, ಕೆರೆಯ ತೆಂಕಣವನ್ನೇ ಹೇಳುತ್ತಿದ್ದಾಳೆ ಎಂದುಕೊಂಡರು ಪರೀಕ್ಷಕರ ಜೊತೆ ಕುಳಿತಿದ್ದ ಆಚಾರ್ಯರು. ಆಗಲೂ ಯಾರೂ ತಿರುಗಿ ನೋಡಲಿಲ್ಲ. ತೆಂಕಣ ತುದಿ ಒಡೆಯುತ್ತಿದೆ ಎಂದು ಊರವರಿಗೆ ಹೇಳಲು ಶಿಷ್ಯನೊಬ್ಬ ಬಂಡೆಗಳ ಮರೆಯ ಹಾದಿಯಲ್ಲಿ ಇಳಿದು ಓಡಿದ. ಸ್ವಲ್ಪ ಹೊತ್ತಿಗೆ ಬುಟ್ಟಿ ಸಲಿಕೆ ಹೊತ್ತ ಊರವರು ಗೋಡೆಯ ಮೇಲೆ ಇರುವೆಗಳಂತೆ ಸಾಲಾಗಿ ಕಾಣಿಸಿಕೊಂಡರು. ಸಾಲು ನೀರಿನ ಕಡೆಗೆ ಹೋಗಲಿಲ್ಲ. ಅದು ಇನ್ನೊಂದು ತುದಿಗೆ ಓಡುತ್ತಿತ್ತು.

ಮಾಳಬ್ಬೆಗೆ ಎಲ್ಲವೂ ಒಮ್ಮೆಗೇ ಹೊಳೆಯಿತು. ಕಿಂಡಿಯಿಂದ, "ಬಡಗಣ, ಬಡಗಣಕ್ಕೆ ಕಳಿಸಿ!" ಎಂದು ಕೂಗಿದಳು.

"ಆಗ ತೆಂಕಣ, ಈಗ ಬಡಗಣ," ಎಂದ ಕೊಂಡಯ್ಯ. "ಸರಿಯಾಗಿ ನೋಡಿ ಹೇಳು, ತಂಗಿ."

ಇನ್ನೊಬ್ಬನನ್ನು ಕಳಿಸಿ ಅವನು ಕೆಳಗಿಳಿಯುವಷ್ಟರಲ್ಲಿ ಊರು ಉಳಿಯುತ್ತಿರಲಿಲ್ಲ. ಕದದ ಅಗುಳಿಯ ಮೇಲೆ ಅವಳ ಕೈ ಒಂದು ಗಳಿಗೆ ನಿಂತಿತು ಎನ್ನುತ್ತಾರೆ. ಆಮೇಲೆ ಕದ ದಡಾರನೆ ತೆರೆಯಿತು. ಕತ್ತಲೆಗೆ ಒಗ್ಗಿದ ಕಣ್ಣಿಗೆ ಬಿಸಿಲು ಬಡಿದು ಏನೂ ಕಾಣದಿದ್ದರೂ ಅವಳು ಪರೀಕ್ಷಕರ ನಡುವೆಯೇ ನುಗ್ಗಿ, ಬಂಡೆಯ ಅಂಚಿಗೆ ಓಡಿ, ಸೆರಗು ಬಿಚ್ಚಿ ಬೀಸಿ, ಬಡಗಣಕ್ಕೆ ಕೈ ಚಾಚಿ ಚಾಚಿ ತೋರಿಸಿದಳು. ಕೆರೆಯ ಮೆಟ್ಟಿಲಲ್ಲಿ ಬಟ್ಟೆ ಒಗೆಯುತ್ತಿದ್ದ ಹೆಂಗಸರು ಕಂಡರು. ಅವರ ಕೂಗು ಏರಿಯುದ್ದಕ್ಕೂ ಹಬ್ಬಿತು. ಇರುವೆ ಸಾಲು ತಡವರಿಸಿತು, ನಿಂತಿತು, ತಿರುಗಿತು. ಮಣ್ಣು, ಹುಲ್ಲಿನ ಹೊರೆ, ಕೊನೆಗೆ ಮನೆಯ ಬಾಗಿಲುಗಳನ್ನೇ ಕಿತ್ತು ತಂದು ಬಿರುಕಿಗೆ ಒಡ್ಡಿದರು. ಊರು ಉಳಿಯಿತು.

ಸಂಜೆ ಕೊಂಡಯ್ಯ ತೀರ್ಪು ಹೇಳಿದ: "ಅವಳು ಕದ ತೆರೆದಾಗ ಹೊತ್ತು ಮುಳುಗಿರಲಿಲ್ಲ."

"ಮುಳುಗಿರಲಿಲ್ಲ, ಅಯ್ಯಾ," ಎಂದು ಮಾಳಬ್ಬೆ ಒಪ್ಪಿಕೊಂಡಳು. ಅವಳ ಧ್ವನಿ ಒಡೆಯಲಿಲ್ಲ, ತಲೆ ತಗ್ಗಲಿಲ್ಲ.

ಆಚಾರ್ಯರು ಕೊಂಡಯ್ಯನ ಕಡೆಗೆ ತಿರುಗಿದರು. "ಕೊಂಡಯ್ಯ, ನಾವು ಇಡೀ ದಿನ ಬೆಳಕಿನಲ್ಲೇ ಕೂತಿದ್ದೆವಲ್ಲ, ನೀನೇನು ಕಂಡೆ?" ಎಂದರು.

"ಬಂಡೆ," ಎಂದ ಕೊಂಡಯ್ಯ.

"ನಾನೂ ಬಂಡೆಯನ್ನೇ ಕಂಡೆ. ಕುತ್ತಿಗೆ ತಿರುಗಿಸಿದ್ದರೆ ಸಾಕಿತ್ತು, ಕೆರೆ ಕಾಣುತ್ತಿತ್ತು. ಕಂಡದ್ದನ್ನು ಹೇಳುವುದಷ್ಟೇ ಕಲಿಸಿದೆವು. ಅದು ಯಾರನ್ನು ಮುಟ್ಟಬೇಕು ಎಂಬುದನ್ನು ಇವಳು ಕಲಿಸಿದಳು." ಹಾಗೆಂದು ಅವರು ಎದ್ದು, ಮಾಳಬ್ಬೆಯನ್ನು ಪಂಥಕ್ಕೆ ಸೇರಿಸಿಕೊಂಡರು. ಮರುದಿನವೇ ಕಲ್ಲುಕುಟಿಗರನ್ನು ಕರೆಸಿದರು ಎನ್ನುತ್ತಾರೆ.

ಪಂಥ ಎಂದೋ ಅಳಿಯಿತು. ಒಳಗೆ ಕೊನೆಯವರೆಗೂ ಕುಳಿತು ತೇರ್ಗಡೆಯಾದವರ ಒಂದು ಹೆಸರನ್ನೂ ಊರು ನೆನಪಿಟ್ಟುಕೊಂಡಿಲ್ಲ. ಗವಿಯ ಮುಂದೆ ಮಾತ್ರ ಸವೆದ ಕಲ್ಲಾಸನಗಳ ಸಾಲು ಇಂದಿಗೂ ಇದೆ. ಹತ್ತಿರ ಬಗ್ಗಿ ನೋಡಿದರೆ ಪ್ರತಿಯೊಂದರ ಬುಡದಲ್ಲೂ ಬೇರೆ ದಿಕ್ಕಿಗೆ ಕಡಿದ ಹಳೆಯ ಗುಳಿ ಕಾಣುತ್ತದೆ. ಎಲ್ಲವನ್ನೂ ಕಿತ್ತು ತಿರುಗಿಸಿ ನೆಟ್ಟಿದ್ದಾರೆ. ಹತ್ತಿ ದಣಿದವರು ಅವುಗಳ ಮೇಲೆ ಕೂರುತ್ತಾರೆ. ಕೂತವರ ಎದುರಿಗೆ ಕೆರೆ ಇರುತ್ತದೆ, ಏರಿ ಇರುತ್ತದೆ, ಊರು ಇರುತ್ತದೆ.