ಬೇಡ ಎಂದವರ ಎಲೆಗೆ ಹೋಳಿಗೆ

ಹೊನ್ನೇಗಿರಿಯ ಅರಸ ಕೆಂಚಮಲ್ಲ ನಾಯಕನಿಗೆ ತಾನು ನೇರ ಮಾತಿನವನೆಂದು ಬಲು ಜಂಬ. "ನನ್ನ ನಾಲಿಗೆಗೆ ಎರಡು ದಾರಿಯಿಲ್ಲ. ಬೇಕು ಅಂದರೆ ಬೇಕು, ಬೇಡ ಅಂದರೆ ಬೇಡ" ಎಂದು ದಿನಕ್ಕೆ ನಾಲ್ಕು ಸಲವಾದರೂ ಹೇಳುತ್ತಿದ್ದ. ಹೇಳುವವನು ಅರಸನಾದ್ದರಿಂದ ಎಲ್ಲರೂ ತಲೆಯಾಡಿಸುತ್ತಿದ್ದರು.

ಒಮ್ಮೆ ನೆರೆರಾಜ್ಯದ ರಾಯಭಾರಿ ಅರಮನೆಗೆ ಊಟಕ್ಕೆ ಬಂದ. ಮೂವತ್ತು ವರ್ಷದಿಂದ ಅಲ್ಲಿ ಬಡಿಸುತ್ತಿದ್ದ ಶೇಷಯ್ಯ ಹೋಳಿಗೆಯ ತಟ್ಟೆ ಹಿಡಿದು ಬಂದಾಗ ರಾಯಭಾರಿ "ಬೇಡಪ್ಪಾ, ಬೇಡವೇ ಬೇಡ" ಎಂದು ಎಲೆಗೆ ಕೈ ಅಡ್ಡ ಹಿಡಿದ. ಶೇಷಯ್ಯ ಆ ಕೈಗಳ ಪಕ್ಕದಲ್ಲೇ ಎರಡು ಹೋಳಿಗೆ ಜಾರಿಸಿದ. ರಾಯಭಾರಿ ಅವನ್ನು ತಿಂದ, ಇನ್ನೆರಡನ್ನೂ ಹೀಗೆಯೇ ಬೇಡ ಬೇಡ ಎನ್ನುತ್ತ ತಿಂದ, ಸಂತೋಷದಿಂದ ತೇಗಿ ಊರಿಗೆ ಹೊರಟ.

ಅರಸ ಶೇಷಯ್ಯನನ್ನು ಕರೆಸಿದ.

"ಅವರು ಬೇಡ ಅಂದರೋ, ಇಲ್ಲವೋ?"

"ಅಂದರು, ಬುದ್ಧಿ."

"ಮತ್ತೆ ಯಾಕೆ ಹಾಕಿದೆ?"

"ಎಲ್ಲರೂ ಹಾಗೇ ಅಂತಾರೆ ಬುದ್ಧಿ, ಬಾಯುಪಚಾರಕ್ಕೆ."

"ಅಂದರೆ ನನ್ನ ಅತಿಥಿ ಸುಳ್ಳು ಹೇಳಿದ ಅಂತೀಯ? ಶುಕ್ರವಾರ ದೀಪ ಹಚ್ಚುವ ಹೊತ್ತಿಗೆ ನನ್ನ ಗಡಿ ದಾಟಿರು!"

ಅಷ್ಟಕ್ಕೇ ಬಿಡಲಿಲ್ಲ. ಊರಲ್ಲೆಲ್ಲ ಡಂಗುರ ಹೊಡೆಸಿದ: ಇನ್ನು ಮುಂದೆ ಬಾಯುಪಚಾರದ ಮಾತಿಲ್ಲ. ಬೇಡ ಎಂದವರಿಗೆ ಕೊಡಕೂಡದು, ಸಾಕು ಎಂದವರಿಗೆ ಹಾಕಕೂಡದು.

ಪಾಪ, ಜನರ ಫಜೀತಿ ಕೇಳಬೇಡಿ. ಹೊರಟು ನಿಂತ ನೆಂಟರಿಗೆ "ಇನ್ನೆರಡು ದಿನ ಇದ್ದು ಹೋಗಿ" ಎನ್ನಲು ಹೆದರಿದರು. ಯಾಕೆಂದರೆ ಅಂದವರ ಮನೆಯಲ್ಲಿ ನೆಂಟರು ನಿಜವಾಗಿಯೂ ಗಂಟು ಇಳಿಸಿಬಿಟ್ಟಿದ್ದರು.

ಶೇಷಯ್ಯ ಆಸ್ಥಾನದ ವಿದೂಷಕ ಅಂಜಣಪ್ಪನ ಜಗಲಿಗೆ ಬಂದು ಕಣ್ಣೀರಿಟ್ಟ. "ಈ ವಯಸ್ಸಲ್ಲಿ ಎಲ್ಲಿಗೆ ಹೋಗಲಿ, ಸ್ವಾಮಿ? ಬಡಿಸೋದು ಬಿಟ್ಟರೆ ನನಗೇನೂ ಬರಲ್ಲ."

ಅಂಜಣಪ್ಪನಿಗೆ ಸಂಕಟವಾಯಿತು. ಎಷ್ಟೋ ಹಬ್ಬದಲ್ಲಿ ಆ ಕೈಯಿಂದಲೇ ಉಂಡವನು. "ಶುಕ್ರವಾರ ನಮ್ಮ ಮೊಮ್ಮಗನ ನಾಮಕರಣ. ಅರಸರೂ ಬರ್ತಾರೆ. ನೀನು ನಮ್ಮ ಅಡುಗೆಮನೆಯಲ್ಲಿರು. ಕರೆಯೋವರೆಗೂ ಹೊರಗೆ ಬರಬೇಡ" ಎಂದ.

ಶುಕ್ರವಾರ ಬೆಳಗಿನಿಂದ ಕುದುರೆಯ ಮೇಲೆ ಕೋಟೆ ಸುತ್ತಿದ್ದ ಅರಸ ನಡುಹಗಲಿಗೆ ಬಂದ. ಹೊಟ್ಟೆ ತಾಳ ಹಾಕುತ್ತಿತ್ತು.

ಅಂಜಣಪ್ಪನ ಹೆಂಡತಿ ಗೌರಕ್ಕ ಕೇಳಿದಳು, "ಪಾನಕ ಕೊಡಲೇ, ಮಹಾಸ್ವಾಮಿ?"

"ಅಯ್ಯೋ, ಏನೂ ಬೇಡಮ್ಮ."

"ಅಪ್ಪಣೆ" ಎಂದು ಗೌರಕ್ಕ ಪಾನಕದ ತಂಬಿಗೆಯೊಂದಿಗೆ ಒಳಗೆ ಹೋದಳು. ಅರಸ ಆ ತಂಬಿಗೆ ಮರೆಯಾಗುವವರೆಗೂ ನೋಡಿದ.

ಎಲೆ ಹಾಕಿದರು. ಅನ್ನ ಬಂತು. "ಸ್ವಲ್ಪ, ಸ್ವಲ್ಪ" ಎಂದ ಅರಸನಿಗೆ ಒಂದು ಹಿಡಿ ಬಿತ್ತು. ಹಿಂದೆಯೇ ಏಲಕ್ಕಿ ಘಮಘಮಿಸುವ ಹೋಳಿಗೆ ಬಂತು. ಅರಸ ಅಭ್ಯಾಸಬಲದಿಂದ "ಬೇಡ, ಬೇಡ" ಎಂದು ಎಲೆಯ ಮೇಲೆ ಬೆರಳು ಅಗಲಿಸಿ ಹಿಡಿದ.

"ಅಪ್ಪಣೆ." ತಟ್ಟೆ ಪಕ್ಕದ ಎಲೆಗೆ ಹೋಯಿತು.

ಅಲ್ಲಿ ಕುಳಿತವನು ಅರಸನ ಅಂಗರಕ್ಷಕ ಬೊಮ್ಮ. ಡಂಗುರವನ್ನು ಚೆನ್ನಾಗಿ ಕೇಳಿಸಿಕೊಂಡವನು. "ನನಗೆ ಮೂರು ಹಾಕಿ, ತಾಯಿ. ತುಪ್ಪ ಜಾಸ್ತಿ ಇರಲಿ" ಎಂದ. ಹಾಗೇ ಬಿತ್ತು.

ಅರಸ ಎರಡನೇ ಸುತ್ತಿಗೆ ಕಾದ. ಗೌರಕ್ಕ ಅವನ ಎಲೆಯನ್ನು ದಾಟಿಕೊಂಡೇ ಹೋದಳು. ಕರೆದು "ನನಗೂ ಹಾಕಿ" ಎನ್ನೋಣವೆಂದರೆ ಬಾಯಿ ಬರಲೊಲ್ಲದು. ಇನ್ನೊಬ್ಬರ ಮನೆಯಲ್ಲಿ ಕೇಳಿ ಹಾಕಿಸಿಕೊಳ್ಳಬಾರದೆಂದು ಅಜ್ಜಿ ಚಿಕ್ಕಂದಿನಲ್ಲಿ ಕಲಿಸಿದ್ದಳು. ಪಕ್ಕದಲ್ಲಿ ಬೊಮ್ಮ ಬೆರಳು ನೆಕ್ಕುತ್ತಿದ್ದ.

ಕೊನೆಗೆ ಅರಸ ಪಿಸುಗುಟ್ಟಿದ, "ಅಂಜಣಪ್ಪ, ನಿಮ್ಮ ಮನೆಯಲ್ಲಿ ಎರಡನೇ ಸಲ ಕೇಳುವ ಪದ್ಧತಿ ಇಲ್ಲವೇನಯ್ಯ?"

"ಇತ್ತು, ಮಹಾಸ್ವಾಮಿ, ಮೊನ್ನೆ ಡಂಗುರ ಹೊಡೆಯೋವರೆಗೂ."

"ನಾನು ಬೇಡ ಅಂದದ್ದು... ಅದು ಹಾಗಲ್ಲ."

"ಛೆ ಛೆ! ಮಹಾಸ್ವಾಮಿಯವರ ನಾಲಿಗೆಗೆ ಎರಡು ದಾರಿಯಿಲ್ಲವಲ್ಲ!"

ಅರಸನ ಮುಖ ಕೆಂಪಾಯಿತು. ಅಷ್ಟರಲ್ಲಿ ಅವನ ಹೊಟ್ಟೆ ಎಲ್ಲರಿಗೂ ಕೇಳುವಂತೆ ಗುರ್ರೆಂದಿತು.

"ಆಯಿತಯ್ಯ, ಸೋತೆ. ಈಗ ಹೋಳಿಗೆ ನನ್ನ ಎಲೆಗೆ ಬರೋದು ಹೇಗೆ?"

"ಆ ವಿದ್ಯೆ ಬಲ್ಲವನು ಒಬ್ಬನೇ. ಅವನು ಇವತ್ತು ದೀಪ ಹಚ್ಚೋ ಹೊತ್ತಿಗೆ ಗಡಿ ದಾಟಬೇಕಲ್ಲ!"

"ಯಾವ ಗಡಿಯೂ ದಾಟೋದು ಬೇಡ. ಮೊದಲು ಕರೆಸು ಅವನನ್ನು!"

ಶೇಷಯ್ಯ ತಟ್ಟೆ ಹಿಡಿದು ಬಂದ. ಅರಸನ ಬಾಯಿ ಮತ್ತೆ "ಬೇಡ, ಬೇಡ" ಎಂದೇಬಿಟ್ಟಿತು, ಕೈಯೂ ಎಲೆಯ ಮೇಲೆ ಬಂತು. ಶೇಷಯ್ಯ ಒಂದು ಗಳಿಗೆ ಅರಸನ ಬೆರಳುಗಳನ್ನೇ ನೋಡಿದ. ಆಮೇಲೆ ಎರಡು ಹೋಳಿಗೆ ಮೆಲ್ಲನೆ ಜಾರಿಸಿದ.

ಎರಡನ್ನೂ ಮುಗಿಸಿದ ಮೇಲೆ ಅರಸ ಕೇಳಿದ, "ನನಗೆ ಬೇಕು ಅಂತ ಹೇಗೆ ತಿಳೀತೋ?"

"ನಿಜವಾಗಿ ಬೇಡದವರು ಎಲೆ ಮೇಲೇ ಬಗ್ಗಿಬಿಡ್ತಾರೆ, ಬುದ್ಧಿ. ಬೇಕಾದವರು ಬೆರಳ ನಡುವೆ ಜಾಗ ಬಿಡ್ತಾರೆ."

ಅರಸ ತನ್ನ ಬೆರಳು ನೋಡಿಕೊಂಡು ಗಹಗಹಿಸಿ ನಕ್ಕ. "ನಾಳೆ ಬೆಳಗ್ಗೆ ಡಂಗುರ ಹೊಡೆಸಿ ಆ ಆಜ್ಞೆ ಹಿಂದಕ್ಕೆ ತಗೋತೀನಿ. ಶೇಷಯ್ಯ, ನಿನಗೇನು ಬೇಕು, ಕೇಳು."

"ನನಗೇನೂ ಬೇಡ, ಬುದ್ಧಿ. ತಮ್ಮ ದಯೆ ಇದ್ದರೆ ಸಾಕು."

ಈ ಸಲ ಅರಸ ಅವನ ಬಾಯಿ ನೋಡಲಿಲ್ಲ. ಕೈಯ ಚಿನ್ನದ ಕಡಗ ಕಳಚಿ ಅವನ ಅಂಗೈಯಲ್ಲಿಟ್ಟ. "ಬೇಡ, ಬೇಡ" ಎನ್ನುತ್ತಲೇ ಶೇಷಯ್ಯನ ಬೆರಳು ಮುಚ್ಚಿಕೊಂಡವು.

"ನಿನಗೇನು ಕೊಡಲಿ, ಅಂಜಣಪ್ಪ? ನೀನೂ ಬೇಡ ಅಂತೀಯ ತಾನೇ?"

ಅಂಜಣಪ್ಪ ಎರಡೂ ಕೈ ಚಾಚಿ ನಿಂತ. "ಬೇಕೇ ಬೇಕು, ಮಹಾಸ್ವಾಮಿ! ಆಜ್ಞೆ ಹಿಂದಕ್ಕೆ ಹೋಗೋದು ನಾಳೆ ಬೆಳಗ್ಗೆ. ಇವತ್ತು ಬೇಡ ಅನ್ನೋಕೆ ನನಗೇನು ಹುಚ್ಚೇ?"