ಹುಡುಕುಬಂಡೆ

ಅಂಕಲಗುಂಡಿನಿಂದ ಹೊಳೆಯ ಕಡೆಗೆ ಹೋಗುವ ದಾರಿಯಲ್ಲಿ, ಜಾಲಿಮರಗಳು ಮುಗಿದ ಕೂಡಲೇ ಎಡಕ್ಕೆ ಕಾಣುವ ಬೋಳು ಬಂಡೆಗೆ ಹುಡುಕುಬಂಡೆ ಎಂದು ಹೆಸರು. ಊರಿನ ಕಡೆಯಿಂದ ಹತ್ತುವುದು ಕಷ್ಟವಲ್ಲ, ಮಕ್ಕಳೂ ಓಡುತ್ತ ಹತ್ತುತ್ತಾರೆ. ಹೊಳೆಯ ಕಡೆ ಮಾತ್ರ ನೇರ ಪ್ರಪಾತ. ಮೇಲೆ ಹೋದರೆ ಕಾಲಿಡಲೂ ಜಾಗವಿಲ್ಲದಷ್ಟು ಗುಳಿಗಳು. ಎಲ್ಲವೂ ಉಳಿಯಿಂದ ಕಡೆದವು, ಎಲ್ಲವೂ ಒಂದು ಅಂಗೈ ಅಗಲದವು. ಮಳೆನೀರು ನಿಂತ ದಿನ ಮುಸ್ಸಂಜೆಯಲ್ಲಿ ಅಲ್ಲಿ ಕುಳಿತರೆ ಮೇಲೊಂದು ಆಕಾಶ, ಕಾಲ ಬುಡದಲ್ಲೊಂದು ಆಕಾಶ. ಬಾಯಿ ಮುಚ್ಚದ ನೆಂಟರು ಕೂಡ ಅಲ್ಲಿ ಸುಮ್ಮನಾಗುವುದನ್ನು ನಾನು ಕಂಡಿದ್ದೇನೆ. ಇತ್ತೀಚೆಗೆ ಯಾರೋ ಪುಣ್ಯಾತ್ಮರು ಬಂಡೆಯ ಕೆಳಗೆ ಒಂದು ಬೋರ್ಡು ನೆಟ್ಟಿದ್ದಾರೆ. ನಾಯಕನೊಬ್ಬ ಕಳೆದುಹೋದ ಉಂಗುರವನ್ನು ಇಲ್ಲಿ ಹುಡುಕಿದ್ದರಿಂದ ಈ ಹೆಸರು ಬಂತಂತೆ. ಉಂಗುರವಂತೆ! ನಾನು ಕಲ್ಲುಕುಟಿಗರ ಕೇರಿಯವನು. ಆ ಬೋರ್ಡು ಕಣ್ಣಿಗೆ ಬಿದ್ದಾಗಲೆಲ್ಲ ನನಗೆ ಮೈ ಉರಿಯುತ್ತದೆ. ಆದ್ದರಿಂದ ನಮ್ಮ ಕೇರಿಯಲ್ಲಿ ಹಿರಿಯರು ಹೇಳಿಕೊಂಡು ಬಂದದ್ದನ್ನು ಹೇಳಿಬಿಡುತ್ತೇನೆ.

ಕಲ್ಲುಕುಟಿಗರು ಕಟ್ಟಿದ ಗುಡಿ, ಕೋಟೆಗಳಲ್ಲಿ ಅವರ ಹೆಸರು ಎಲ್ಲಿಯೂ ಇರುವುದಿಲ್ಲ. ಹೆಸರೆಲ್ಲ ಕಟ್ಟಿಸಿದವರದು. ನಮ್ಮವರಿಗೆ ಇದ್ದದ್ದು ಈ ಬಂಡೆಯೊಂದೇ. ಹಗಲೆಲ್ಲ ಸುತ್ತಿಗೆ ಬೀಸಿ, ಸಂಜೆ ಬಿಸಿಯಾರದ ಬಂಡೆಯ ಮೇಲೆ ಬೆನ್ನು ಚಾಚಿ ಮಲಗಿ, ಒಂದೊಂದಾಗಿ ಹುಟ್ಟುವ ಚುಕ್ಕಿಗಳನ್ನು ನೋಡುತ್ತಿದ್ದರು. ಇಷ್ಟು ದೊಡ್ಡ ಆಕಾಶದಲ್ಲಿ ನಮ್ಮ ಪಾಲಿನ ಜಾಗ ಎಷ್ಟು ಎಂದು ಅವರಿಗೂ ಅನ್ನಿಸುತ್ತಿತ್ತು. ಅಂಗೈ ಅಗಲ ಸಾಕು ಎಂದು ಅವರೇ ತೀರ್ಮಾನಿಸಿಕೊಂಡಿದ್ದರು. ಕೇರಿಯಲ್ಲಿ ಯಾರಾದರೂ ಸತ್ತರೆ ಮನೆಯವರು ಬಂಡೆಯ ಮೇಲೆ ಅಂಗೈ ಅಗಲದ ಒಂದು ಗುಳಿ ಕಡೆಯಬೇಕು. ಕೊನೆಯ ಪೆಟ್ಟು ಬಿದ್ದ ಮೇಲೆ, ಕಡೆದವರು ಕಲ್ಲಿಗೆ ಬಾಯಿ ಹಚ್ಚಿ, ಬೇರೆ ಯಾರಿಗೂ ಕೇಳಿಸದಂತೆ ಸತ್ತವರ ಹೆಸರು ಹೇಳಬೇಕು. ಆಮೇಲೆ ಅಮಾವಾಸ್ಯೆಗೊಮ್ಮೆ ಅದಕ್ಕೆ ಎಣ್ಣೆ ಎರೆಯಬೇಕು. ಹೆಸರು ಕಲ್ಲಿಗೆ ಇಳಿದರೆ ಜೀವ ಚುಕ್ಕಿಯಾಗಿ ಮೇಲೆ ನಿಲ್ಲುತ್ತದೆ, ಗುಳಿಯಿಲ್ಲದ ಜೀವಕ್ಕೆ ಮೇಲೆಯೂ ಜಾಗವಿಲ್ಲ ಎನ್ನುತ್ತಾರೆ. ಬಡವನಿಗೂ ಯಜಮಾನನಿಗೂ ಅಳತೆ ಒಂದೇ.

ಹಿಂದೆ ಒಮ್ಮೆ, ಜಡೆಯಪ್ಪ ನಾಯಕನೆಂಬವನು ಈ ಸೀಮೆಯನ್ನು ಆಳುತ್ತಿದ್ದಾಗ, ಪಡುವಣದಲ್ಲಿ ಬಾಲಚುಕ್ಕಿಯೊಂದು ಮೂಡಿತು. ಜನ ಹೊಲದಲ್ಲಿ ಕೆಲಸ ಬಿಟ್ಟು, ಬಾಯಿ ತೆರೆದು, ಕೈಮುಗಿದು ನೋಡಿದರು. ನಾಯಕನೂ ಕೋಟೆಯ ಬುರುಜಿನಿಂದ ನೋಡಿದ. ಮಕ್ಕಳಿಲ್ಲದವನು, ವಯಸ್ಸು ಇಳಿಯುತ್ತಿದ್ದವನು. ಇಷ್ಟೊಂದು ಚುಕ್ಕಿಗಳಿವೆ, ಇದರಲ್ಲಿ ನಾನೆಲ್ಲಿ ಎಂಬ ಪ್ರಶ್ನೆ ಅವನಿಗೆ ಮೊದಲ ಸಲ ಬಂತು. ಬೇರೆಯವರಿಗೆ ಆ ಪ್ರಶ್ನೆಯಿಂದ ಬೆರಗು ಹುಟ್ಟಿದರೆ ಅವನಿಗೆ ಸಿಟ್ಟು ಬಂತು. ಕಲ್ಲುಕುಟಿಗರ ಯಜಮಾನ ಹುಲಿಗೆಪ್ಪನನ್ನು ಬಂಡೆಯ ಮೇಲಕ್ಕೆ ಕರೆಸಿ, ನಟ್ಟನಡುವೆ ಒರಳಿನಷ್ಟು ದೊಡ್ಡ ಗುಳಿಯನ್ನು ತನ್ನ ಹೆಸರಿಗೆ ಕಡೆಯಬೇಕೆಂದೂ, ಅದರ ಸುತ್ತ ಇರುವ ಹಳೆಯ ಗುಳಿಗಳನ್ನು ಒಡೆದು ಬಯಲು ಮಾಡಬೇಕೆಂದೂ ಅಪ್ಪಣೆ ಮಾಡಿದ.

“ದೊರೀ, ಜೀವಂತ ಇರೋರಿಗೆ ಗುಳಿ ಹೊಡಿಯಂಗಿಲ್ಲ. ಸತ್ತೋರನ್ನ ಒಡಿಯಂಗೂ ಇಲ್ಲ. ನಮ್ಮಪ್ಪ ಇಲ್ಲೇ ಅದಾನ,” ಎಂದ ಹುಲಿಗೆಪ್ಪ.

ಹಾಗಾದರೆ ನೀನೂ ಅವನ ಜೊತೆ ಚುಕ್ಕಿಯಾಗು ಎಂದು ನಾಯಕ ನಕ್ಕ. ಅವನ ಆಳುಗಳು ಹುಲಿಗೆಪ್ಪನನ್ನು ಎತ್ತಿ, ಹೊಳೆಯ ಕಡೆಯ ಪ್ರಪಾತಕ್ಕೆ ಎಸೆದರು. ಅಷ್ಟಕ್ಕೇ ನಾಯಕನ ಹೊಟ್ಟೆ ತಣ್ಣಗಾಗಲಿಲ್ಲ. ಹುಲಿಗೆಪ್ಪನ ಹೆಸರಿಗೆ ಈ ಬಂಡೆಯ ಮೇಲೆ ಉಳಿ ಎತ್ತಿದವರ ಕೈ ಕಡಿಸುತ್ತೇನೆಂದು ಡಂಗುರ ಹೊಡೆಸಿದ, ಬಂಡೆಗೆ ಕಾವಲು ಹಾಕಿಸಿದ. ಕೊಂದದ್ದು ಒಂದು ಪಾಪ. ಸತ್ತವನಿಗೆ ಅಂಗೈ ಅಗಲದ ಜಾಗವನ್ನೂ ಇಲ್ಲದಂತೆ ಮಾಡಿದ್ದು ಅದಕ್ಕಿಂತ ದೊಡ್ಡ ಪಾಪ ಎಂದು ನಮ್ಮ ಕೇರಿ ಇವತ್ತಿಗೂ ನಂಬುತ್ತದೆ.

ಕೇರಿಯವರು ಹೆಂಡಿರು ಮಕ್ಕಳನ್ನು ಕಟ್ಟಿಕೊಂಡು ಹೊಳೆ ದಾಟಿ ಹೋದರು. ಹುಲಿಗೆಪ್ಪನ ಹೆಂಡತಿ ಸುಂಕವ್ವ ಮಾತ್ರ ಮಗನನ್ನು ಅವರ ಜೊತೆ ಕಳಿಸಿ, ತಾನು ಕದಲಲಿಲ್ಲ. ಗಂಡ ಕಡೆದ ಕಲ್ಲಿಗೆ ಉಳಿ ಕಾಯಿಸಿ, ಬಡಿದು, ಚೂಪಾಗಿ ಹಣಿದು ಕೊಟ್ಟವಳು ಅವಳೇ, ಉಳಿ ಹಿಡಿಯಲೂ ಬಲ್ಲವಳು. ಅವಳು ಅಳಲಿಲ್ಲವಂತೆ. ಸಂಜೆಯಾದರೆ ಅಂಗಳದಲ್ಲಿ ನಿಂತು ಮೇಲೆ ನೋಡಿ, “ಎಲ್ಲಾರೂ ಅದಾರ, ನೀನೊಬ್ಬ ಇಲ್ಲ,” ಎಂದು ಗೊಣಗುತ್ತಿದ್ದಳು. ಬೆಳಗಾದರೆ ಕುಲುಮೆ ಹೊತ್ತಿಸಿ ಗಂಡನ ಉಳಿಗಳ ಮೊನೆ ಹಣಿಯುತ್ತಿದ್ದಳು. ಮಾಡಲು ಕೆಲಸವಿಲ್ಲದ ಉಳಿಗಳನ್ನು ಹಾಗೆ ಹಣಿಯುವುದನ್ನು ಕಂಡವರು ಅವಳಿಗೆ ತಲೆ ಕೆಟ್ಟಿದೆ ಎಂದುಕೊಂಡರು. ಮಳೆಗಾಲ ಕಳೆದ ಮೇಲೆ ಅವಳು ನೆಟ್ಟಗೆ ಕೋಟೆಗೆ ಹೋಗಿ ನಾಯಕನ ಮುಂದೆ ನಿಂತಳು.

“ದೊರೀ, ನಿಮ್ಮ ಗುಳಿ ನಾ ಹೊಡಿತೀನಿ. ಅಂಗೈ ಅಗಲದ್ದೇ ಹೊಡಿತೀನಿ, ದೊಡ್ಡದಾದ್ರ ಆಕಾಶ ಒಪ್ಪಂಗಿಲ್ಲ. ಹಳೇವನ್ನ ಮುಟ್ಟಿದ್ರ ಅವು ನಿಮ್ಮನ್ನ ಮ್ಯಾಲೆ ನಿಲ್ಲಗೊಡಂಗಿಲ್ಲ.”

ಕತ್ತಿ ಹಿಡಿದವನಿಗೆ ಕಲ್ಲಿನ ಗುಟ್ಟು ಏನು ಗೊತ್ತು? ಹುಲಿಗೆಪ್ಪನ ಹೆಂಡತಿಯೇ ತನ್ನ ಕಾಲಿಗೆ ಬಂದಳೆಂಬ ಹಿಗ್ಗಿನಲ್ಲಿ ಅವನು ಒಪ್ಪಿದ. ಕೆಳಗೆ ಕಾವಲಿನವರು ನಿಂತಿರುವಾಗಲೇ, ಹಾಡಹಗಲಲ್ಲಿ, ನಾಯಕನ ಅಪ್ಪಣೆಯಿಂದಲೇ ಸುಂಕವ್ವ ಬಂಡೆಯ ನಡುವೆ ಗುಳಿ ಕಡೆದಳು. ಕೊನೆಯ ಪೆಟ್ಟು ಹೊಡೆದು, ಕಲ್ಲಿಗೆ ಬಾಯಿ ಹಚ್ಚಿ, ಬಹಳ ಹೊತ್ತು ಹಾಗೆಯೇ ಇದ್ದಳು. ಇಳಿದು ಬಂದಾಗ ನಾಯಕ ಹೆಸರು ಹೇಳಿದೆಯಾ ಎಂದು ಕೇಳಿದ. ಹೇಳಿದೆ ಎಂದಳು. ಅಂದಿನಿಂದ ಅಮಾವಾಸ್ಯೆಗೊಮ್ಮೆ ನಾಯಕ ಪಲ್ಲಕ್ಕಿಯಲ್ಲಿ ಬಂದು, ಮಂಡಿಯೂರಿ, ಎಣ್ಣೆಯಲ್ಲ, ತುಪ್ಪವನ್ನೇ ಆ ಗುಳಿಗೆ ಎರೆದು ಹಣೆ ಹಚ್ಚಿ ಹೋಗುತ್ತಿದ್ದ. ಸುಂಕವ್ವ ದೂರದಲ್ಲಿ ನಿಂತು ನೋಡುತ್ತಿದ್ದಳು. ವರ್ಷಗಳು ಹೀಗೆಯೇ ಹೋದವು.

ನಾಯಕನಿಗೆ ಮೈಯಲ್ಲಿ ಶಕ್ತಿ ಕುಂದಿ, ಇನ್ನು ಹೆಚ್ಚು ದಿನವಿಲ್ಲವೆಂದು ತಿಳಿದಾಗ ಅವನು ಬಂಡೆಯ ಮೇಲೆಯೇ ಸುಂಕವ್ವನನ್ನು ಕರೆಸಿದ. ನನ್ನನ್ನು ಆಕಾಶದಲ್ಲಿ ನಿಲ್ಲಿಸಿದವಳು ನೀನು, ಏನು ಬೇಕೋ ಕೇಳು, ಹೊಲ ಬರೆದುಕೊಡುತ್ತೇನೆ ಎಂದ. ಅವಳಿಗೂ ಕೂದಲು ಬೆಳ್ಳಗಾಗಿತ್ತು. ಇಷ್ಟು ವರ್ಷ ಅವನನ್ನು ಬಹುವಚನದಲ್ಲಿ ಕರೆದ ಬಾಯಿ ಅಂದು ಏಕವಚನಕ್ಕೆ ಇಳಿಯಿತು.

“ಏನೂ ಬ್ಯಾಡ. ನನಗ ಬೇಕಾದ್ದು ನೀ ಕೊಟ್ಟಾಗೈತಿ. ಇಷ್ಟು ವರ್ಷ ನೀ ಮಂಡಿ ಊರಿ ತುಪ್ಪ ಎರೆದದ್ದು ನನ್ನ ಹುಲಿಗೆಪ್ಪಗ. ಅದರಾಗ ನಾ ಹೇಳಿದ್ದು ಅವನ ಹೆಸರು.”

ನಾಯಕ ಬಗ್ಗಿ ಆ ಗುಳಿಯನ್ನು ನೋಡಿದ. “ಹಂಗಾದ್ರ ನಂದೆಲ್ಲಿ?” ಎಂದ.

“ಹುಡುಕ್ಕೋ,” ಎಂದಳು ಸುಂಕವ್ವ.

ಅವಳನ್ನು ಕೊಲ್ಲುವಂತಿರಲಿಲ್ಲ, ಕೊಂದರೆ ಅವನ ಗುಳಿ ಯಾವುದೆಂದು ಹೇಳುವವರು ಯಾರೂ ಉಳಿಯುತ್ತಿರಲಿಲ್ಲ. ಕಾಲಿಗೆ ಬಿದ್ದ, ಅವಳು ಬಾಯಿ ಬಿಡಲಿಲ್ಲ. ಅಂದಿನಿಂದ ಅವನು ಕೋಟೆಗೆ ಹಿಂದಿರುಗಲಿಲ್ಲ. ಅಂಬೆಗಾಲಿಟ್ಟು ಒಂದೊಂದೇ ಗುಳಿಗೆ ಬಾಯಿ ಹಚ್ಚಿ ತನ್ನ ಹೆಸರು ಕೂಗಿ, ಕಿವಿ ಹಚ್ಚಿ ಕಾಯುತ್ತಿದ್ದನಂತೆ. ಹುಡುಕುತ್ತ ಹುಡುಕುತ್ತ ಪ್ರಪಾತದ ಅಂಚು ಮರೆತು ಬಿದ್ದ ಎಂದು ಕೆಲವರು, ಗುಳಿಯೊಂದಕ್ಕೆ ಕಿವಿಯಿಟ್ಟ ಹಾಗೆಯೇ ಸತ್ತಿದ್ದ ಎಂದು ಕೆಲವರು ಹೇಳುತ್ತಾರೆ. ಅಯ್ಯೋ ಪಾಪ ಎನ್ನುವವರೂ ಇದ್ದಾರೆ. ನಾನು ಎನ್ನುವುದಿಲ್ಲ. ಹೊಳೆ ದಾಟಿ ಹೋದವರು ಮರಳಿ ಬಂದ ಮೇಲೆ, ಸುಂಕವ್ವ ಸಾಯುವಾಗ ಸೊಸೆಯನ್ನು ಹತ್ತಿರ ಕರೆದು, ನಾಯಕನ ಹೆಸರಿಗೆ ತಾನು ಒಂದು ಪೆಟ್ಟನ್ನೂ ಹೊಡೆದಿರಲಿಲ್ಲ ಎಂದಳಂತೆ.

ಈಗ ಹೋದರೂ ಬಂಡೆಯ ನಡುವೆ ಒಂದು ಗುಳಿ ತುಪ್ಪ ಕುಡಿದು ಕುಡಿದು ಕಪ್ಪಾಗಿ ಮಿರುಗುವುದನ್ನು ಕಾಣಬಹುದು. ಅಮಾವಾಸ್ಯೆಗೆ ಅದಕ್ಕೆ ಎಣ್ಣೆ ಎರೆಯುವ ಸರದಿ ಈಗ ನಮ್ಮ ಮನೆಯದು. ಅದರ ಪಕ್ಕದಲ್ಲಿಯೇ ಸುಂಕವ್ವನದು. ಮಳೆ ನಿಂತ ಸಂಜೆ ಆ ಎರಡರಲ್ಲಿಯೂ ಒಂದೊಂದು ಚುಕ್ಕಿ ಬಂದು ಕೂರುತ್ತದೆ. ಬೋರ್ಡು ಓದಿ ಮೇಲೆ ಹತ್ತಿದವರು ನನ್ನನ್ನು ಕಂಡರೆ, ಯಜಮಾನರೇ, ಇದರಲ್ಲಿ ನಾಯಕನದು ಯಾವುದು ಎಂದು ಕೇಳುತ್ತಾರೆ. ನಾನು ಎಣ್ಣೆಯ ಗಿಂಡಿಯನ್ನು ಕೆಳಗಿಟ್ಟು, ಅಷ್ಟೂ ಬಂಡೆಯ ಕಡೆ ಕೈ ಬೀಸಿ ತೋರಿಸಿ, ಹುಡುಕಿ ಎನ್ನುತ್ತೇನೆ.