ಒಂದುಕೂಗಿನ ಕಾವಲು

ನಮ್ಮ ಪಂಚಾಯಿತಿಯಷ್ಟು ಅಗಲವಾದ ನೆಲ ಈ ಸೀಮೆಯಲ್ಲಿ ಇನ್ನೊಂದಿಲ್ಲ; ಇಷ್ಟು ಕಡಿಮೆ ಜನವಿರುವ ಪಂಚಾಯಿತಿಯೂ ಇನ್ನೊಂದಿಲ್ಲ. ಡಾಂಬರು ರಸ್ತೆ ಬಿಟ್ಟು ಒಳಗೆ ಬಂದವರಿಗೆ ಮೊದಲು ಕಾಣುವುದು ಹುಲ್ಲು, ಆಮೇಲೆ ಕಾಣುವುದೂ ಹುಲ್ಲೇ. ನಡುವೆ ಎಲ್ಲೋ ಒಂದು ಜಾಲಿಮರ, ನೆಗೆದು ಮರೆಯಾಗುವ ಹುಲ್ಲೆಗಳ ಹಿಂಡು, ಕಣ್ಣು ಕಿರಿದು ಮಾಡಿ ನೋಡಿದರೆ ಬಾನಂಚಿನಲ್ಲಿ ಒಂದು ಹಟ್ಟಿಯ ಸೂರು. ಹಟ್ಟಿಯೆಂದರೆ ಹತ್ತಾರು ಮನೆ, ಒಂದು ದನದ ರೊಪ್ಪ, ದೇವರಿಗೊಂದು ಗುಡಿ, ಅಷ್ಟೇ. ಒಂದು ಹಟ್ಟಿಯಿಂದ ಇನ್ನೊಂದಕ್ಕೆ ನಡೆಯುವಷ್ಟರಲ್ಲಿ ಕುಡಿದ ಮಜ್ಜಿಗೆಯೆಲ್ಲ ಬೆವರಾಗಿ ಹೋಗಿರುತ್ತದೆ. ಪಂಚಾಯಿತಿ ಕಚೇರಿಯ ಹಲಗೆಯ ಮೇಲೆ ‘ಒಂದುಕೂಗಿನ ಕಾವಲು’ ಎಂದು ಓದಿದ ಹೊರಗಿನವರು ಕಾವಲೆಂದರೆ ಹುಲ್ಲುಗಾವಲು ಸರಿ, ಒಂದುಕೂಗು ದೂರದ ಅಳತೆಯಿರಬೇಕು ಎಂದುಕೊಳ್ಳುತ್ತಾರೆ. ಸರ್ವೆಗೆ ಬಂದವರೊಬ್ಬರು, “ಇಷ್ಟು ದೊಡ್ಡ ಬಯಲನ್ನ ಒಂದೇ ಕೂಗಿಗೆ ಅಳೆದೋನ ಗಂಟಲು ಎಂಥದ್ದಿರಬೇಕಪ್ಪ!” ಎಂದು ನಕ್ಕಿದ್ದರು. ಅವರದು ತಪ್ಪಲ್ಲ. ಈ ಹೆಸರು ಹೇಳದೆ ತಿಳಿಯುವಂಥದ್ದಲ್ಲ.

ಹಿಂದೆ ಒಮ್ಮೆ, ಇಲ್ಲಿ ರಸ್ತೆಯೂ ಇಲ್ಲದ ಕಾಲದಲ್ಲಿ, ಜನರಿಗೆ ಕೂಗೇ ಆಧಾರವಾಗಿತ್ತು. ದನ ತಪ್ಪಿದರೆ ಕೂಗು, ಮಗು ಹುಟ್ಟಿದರೆ ಕೂಗು, ಹಿರಿಯರು ತೀರಿಕೊಂಡರೆ ಕೂಗು. ಆದರೆ ಅದಕ್ಕೊಂದು ಕಟ್ಟಳೆಯಿತ್ತು. ಮೊದಲ ಕೂಗಿಗೆ ಯಾರೂ ಓಗೊಡಬಾರದು. ನಡುಹಗಲಿನ ಉರಿಯಲ್ಲಿ ಬಿಸಿಲ್ಗುದುರೆ ಎದ್ದಾಗ ಬಯಲಗಾಳಿ ಮನುಷ್ಯರ ದನಿ ಕದ್ದು, ಹೆಸರು ಹಿಡಿದು ಕರೆಯುತ್ತದೆ; ಓಗೊಟ್ಟವನು ಆ ದನಿಯ ಬೆನ್ನು ಹತ್ತಿ, ದಿಕ್ಕು ತಪ್ಪಿ, ನೀರಡಿಸಿ ಸಾಯುತ್ತಾನೆ. ಗಾಳಿಗೆ ಒಂದು ಸಲ ಕರೆಯಲು ಮಾತ್ರ ಅಪ್ಪಣೆ, ಎರಡನೆಯ ಸಲ ಕರೆಯುವುದು ಮನುಷ್ಯರೇ ಎನ್ನುತ್ತಾರೆ. ಈಗಿನವರು ನಗಬಹುದು, ನಾನು ನಗಲಾರೆ. ಈ ಬಯಲಿನಲ್ಲಿ ಕಟ್ಟಳೆ ಮೀರಿ ಹೋದವರ ಮೂಳೆಗಳು ದನ ಕಾಯುವವರಿಗೆ ಸಿಕ್ಕದ್ದುಂಟು.

ಆ ಕಾಲಕ್ಕೆ ಬಡಗಣ ಹಟ್ಟಿಯಲ್ಲಿ ಕ್ಯಾತವ್ವನೆಂಬ ತಾಯಿ ಇದ್ದಳು. ಅವಳ ಗಂಡ ಹೀಗೆಯೇ ಒಂದು ಕೂಗಿಗೆ ಎದ್ದುಹೋಗಿ ಹಿಂದಿರುಗದವನು. ಉಳಿದದ್ದು ಮಗ ಕಾಟಯ್ಯ, ಅವನ ಬೆನ್ನಿಗೆ ಹುಟ್ಟಿದ ಸಿರಿಯವ್ವ. ಸಿರಿಯವ್ವನಿಗೆ ಎಲ್ಲದರಲ್ಲೂ ಹುಡುಗಾಟ. ಹುಲ್ಲಿನ ಮರೆಯಿಂದ “ಅಣ್ಣಾ…” ಎಂದು ಒಂದೇ ಸಲ ಕೂಗಿ ಕುಕ್ಕರಿಸಿಬಿಡುವಳು. ಕಾಟಯ್ಯ ಎದ್ದು ನಿಂತು, ಕೂತು, ಮತ್ತೆ ನಿಂತು ಚಡಪಡಿಸುವುದನ್ನು ನೋಡಿ, “ಮೀಸೆ ಬಂದೋನು ಹೆಂಗ್ ಬೆವತೋಗವ್ನೆ ನೋಡ್ರವ್ವ!” ಎಂದು ನಗುತ್ತ ಎದ್ದು ಬರುವಳು. “ಕೂಗಿನ ಕೂಡೆ ಆಟ ಬ್ಯಾಡ ಕಣೆ. ಎರಡ್ನೇದು ಕೂಗಿದ್ರೆ ಗಂಟ್ಲು ಸವೀತದೇನೆ ನಿಂಗೆ?” ಎಂದು ತಾಯಿ ಗದರಿದರೆ, “ಸವುದ್ರೆ ಬೆಣ್ಣೆ ಹಚ್ಚು ಬಿಡವ್ವ” ಎನ್ನುವಳು. ಬೈಯುತ್ತ ಬೈಯುತ್ತಲೇ ಕ್ಯಾತವ್ವನಿಗೂ ನಗು ಬಂದುಬಿಡುತ್ತಿತ್ತಂತೆ.

ಒಂದು ಬೇಸಿಗೆ, ತುಂಬು ಗಬ್ಬದ ಕೆಂದಿ ಎಂಬ ಹಸು ಮಂದೆಯಿಂದ ತಪ್ಪಿಸಿಕೊಂಡಿತು. ಅದನ್ನು ಹುಡುಕಿಕೊಂಡು ಸಿರಿಯವ್ವ ಪಡುವಣ ಕುಂಟೆಯ ಕಡೆ ಹೋದಳು. ಬೇಸಿಗೆಯಲ್ಲಿ ಆ ನೀರಹೊಂಡ ಮೇಲ್ಗಡೆ ಒಣಗಿ ಬಿರಿದಿರುತ್ತದೆ. ಅಡಿಯಲ್ಲಿ ಆಳುದ್ದದ ಕೆಸರು. ಹಟ್ಟಿಯವರು ಜಾಲಿಯ ನೆರಳಲ್ಲಿ ಅಂಬಲಿ ಕುಡಿಯುತ್ತಿದ್ದ ಹೊತ್ತಿಗೆ ಆ ದಿಕ್ಕಿನಿಂದ ಕೂಗು ಬಂತು. “ಅಣ್ಣಾ…” ಎಲ್ಲರೂ ಕೇಳಿದರು. ಕಾಟಯ್ಯ ಎದ್ದು ನಿಂತ. “ಒಂದಾಯ್ತು, ತಡಿ” ಎಂದರು ಹಿರಿಯರು. “ಶುರುವಾಯ್ತು ನೋಡು ಸಿರಿಯವ್ವಂದು” ಎಂದು ಯಾರೋ ನಕ್ಕರು. ಪಡುವಣದಲ್ಲಿ ಬಿಸಿಲ್ಗುದುರೆ ನೀರಿನಂತೆ ತೂಗುತ್ತಿತ್ತು, ಅದರಾಚೆ ಏನಿದೆಯೋ ಕಾಣದು. ಓಡಲು ಹೊರಟವನ ಪಂಚೆಯ ಸೆರಗನ್ನು ಕ್ಯಾತವ್ವ ಎರಡೂ ಕೈಯಲ್ಲಿ ಹಿಡಿದುಕೊಂಡಳು.

“ಅವ್ವ, ಅದು ಅವಳ್ದೇ ದನಿ.”

“ನಿಮ್ಮಪ್ಪನ್ನ ಕರೆದದ್ದೂ ನನ್ ದನಿಯೇ ಕಣಪ್ಪ. ನಾನು ಆಗ ಒಲೆ ಮುಂದೆ ಕೂತಿದ್ದೆ.”

ಅವನು ನಿಂತ. ಹಟ್ಟಿಗೆ ಹಟ್ಟಿಯೇ ಆಲಿಸಿತು. ಅಂಬಲಿಯ ಬಟ್ಟಲು ಯಾರ ಬಾಯಿಗೂ ಹೋಗಲಿಲ್ಲ. ಮರದ ನೆರಳು ಮೆಲ್ಲನೆ ಸರಿಯಿತು. ಸೆರಗು ಬಿಡದೆಯೇ ಕ್ಯಾತವ್ವ ಬಯಲಿನ ಕಡೆ ನೋಡುತ್ತ, “ಇನ್ನೊಂದ್ ಸಲ ಕೂಗೇ, ನನ್ನವ್ವ, ಇನ್ನೊಂದೇ ಸಲ ಕೂಗೇ” ಎಂದು ಪಿಸುಗುಡುತ್ತಿದ್ದಳು. ಕೂಗು ಬರಲಿಲ್ಲ. ಬಂದದ್ದು ಕೆಂದಿ. ಕುತ್ತಿಗೆಯವರೆಗೂ ಕೆಸರು ಮೆತ್ತಿಕೊಂಡು, ಬಸಿರು ಹೊತ್ತು ನಡುಗುತ್ತ, ಒಂಟಿಯಾಗಿ ಬಂದು ರೊಪ್ಪದ ಬಾಗಿಲಲ್ಲಿ ನಿಂತಿತು. ಕ್ಯಾತವ್ವನ ಕೈ ತಾನಾಗಿ ಸಡಿಲಿತು.

ಕುಂಟೆಯಲ್ಲಿ ಕಂಡದ್ದನ್ನು ಹೆಚ್ಚು ಬಣ್ಣಿಸಬಾರದು. ಕೆಸರಿನ ಮೇಲೆ ಹಸುವಿನ ಕಾಲಿಗೆ ಆಸರೆಯಾಗಲೆಂದು ಸಿರಿಯವ್ವ ತನ್ನ ಕಂಬಳಿಯನ್ನು ಹಾಸಿಕೊಟ್ಟಿದ್ದಳು. ಅದರ ಮೇಲೆ ಗೊರಸಿನ ಗುರುತುಗಳು ದಡಕ್ಕೆ ಬಂದಿದ್ದವು. ಅವಳ ಹೆಜ್ಜೆಯ ಗುರುತುಗಳು ಬಂದಿರಲಿಲ್ಲ. ಸಂಜೆಯಾಗುವಷ್ಟರಲ್ಲಿ ಹಗ್ಗ ಬಿಟ್ಟು ಅವಳನ್ನು ಮೇಲಕ್ಕೆ ತಂದರು. ಬಾಯಿ ತುಂಬ ಕೆಸರಿತ್ತು. ಎರಡನೆಯ ಕೂಗು ಅಲ್ಲೇ ಉಳಿದಿತ್ತು.

ತಪ್ಪು ಯಾರದೆಂದು ಹೇಳೋಣ? ಕ್ಯಾತವ್ವ ಗುಡಿಯ ಮುಂದೆ ಕೂತು ಪೂಜಾರಿಯನ್ನು ಕೇಳಿದಳಂತೆ: “ಕಟ್ಟಳೆ ಮೀರಿ ಗಂಡನ್ನ ಕಳಕಂಡೆ. ಕಟ್ಟಳೆ ಕಾದು ಮಗಳನ್ನ ಕಳಕಂಡೆ. ನಾನು ಇನ್ನೆಂಗೆ ಬದುಕಬೇಕಿತ್ತು ಅಯ್ಯಾ?” ಅವನು ದೀಪದ ಬತ್ತಿ ಸರಿಮಾಡಿ, ಅವಳ ಪಕ್ಕದಲ್ಲಿ ನೆಲದ ಮೇಲೆ ಕೂತ. ಅದೇ ಗುಡಿಯಲ್ಲಿ ದೀಪ ಹಚ್ಚುವ ನನ್ನ ಬಳಿಯೂ ಉತ್ತರವಿಲ್ಲ. ಇಷ್ಟನ್ನು ಮಾತ್ರ ನಂಬಿದ್ದೇನೆ: ಎರಡನೆಯ ಕೂಗು ಬೇಕಾಗುವುದು ನಮಗೆ, ದೇವರಿಗಲ್ಲ. ಅಂದು ಹಟ್ಟಿ ಸುಮ್ಮನಿದ್ದಾಗ ಆ ದೇವರೊಬ್ಬ ಸಿರಿಯವ್ವನಿಗೆ ‘ಓ’ ಎಂದಿರಬೇಕು.

ಮರುದಿನದಿಂದ ಕ್ಯಾತವ್ವ ನಡುಹಗಲಾದರೆ ಕುಂಟೆಯ ದಡಕ್ಕೆ ಹೋಗಿ, ಯಾರೂ ಕರೆಯದಿದ್ದರೂ, “ಓ… ಬಂದೆ ಕಣೆ ಮಗಳೇ” ಎನ್ನತೊಡಗಿದಳು. ಗಾಳಿ ಅವಳನ್ನೂ ಒಯ್ದೀತೆಂದು ಹಿರಿಯರು ಕೈಮುಗಿದು ಬೇಡಿದರು. “ಒಯ್ಯಲಿ ಬಿಡ್ರಪ್ಪ, ಓ ಅನ್ನದೆ ಕೂತಿದ್ದು ಸಾಕು” ಎಂದಳು. ವರ್ಷಗಳು ಕಳೆದು ಅವಳ ದನಿ ಬಿದ್ದುಹೋದಾಗ, ತಾಯಿಯ ಪಕ್ಕದಲ್ಲಿ ನಿಂತು ಕಾಟಯ್ಯ ‘ಓ’ ಎಂದ. ಅದನ್ನು ಕೇಳಲಾರದೆ ಹಟ್ಟಿಯ ಹೆಂಗಸರೂ ‘ಓ’ ಎಂದರು. ಕಟ್ಟಳೆಯನ್ನು ಮುರಿಯಬೇಕೆಂದು ಯಾರೂ ಕೂಡಿ ತೀರ್ಮಾನಿಸಲಿಲ್ಲ. ಅದನ್ನು ಹಿಡಿದು ನಿಲ್ಲುವ ಶಕ್ತಿ ಮಾತ್ರ ಯಾರಲ್ಲೂ ಉಳಿಯಲಿಲ್ಲ. ಬಯಲಿಗೆ ಒಂದುಕೂಗಿನ ಕಾವಲೆಂಬ ಹೆಸರು ನಿಂತದ್ದು ಆಗಲೇ ಎನ್ನುತ್ತಾರೆ.

ಪಡುವಣ ಕುಂಟೆ ಈಗಲೂ ಇದೆ. ದಡದಲ್ಲಿ ಒಂದು ಕಲ್ಲುಗುಪ್ಪೆ. ವರ್ಷಕ್ಕೊಮ್ಮೆ ಅದಕ್ಕೆ ಹೊಸ ಕಂಬಳಿ ಹೊದಿಸುತ್ತಾರೆ. ಅಲ್ಲಿ ನಿಂತು ನೀವು ಜೀಪಿನ ಚಾಲಕನನ್ನೋ ಜೊತೆಗಾರನನ್ನೋ ಹೆಸರು ಹಿಡಿದು ಒಂದು ಸಲ ಕರೆದು ನೋಡಿ. ಕರೆಸಿಕೊಂಡವನು ಓಗೊಡುವ ಮೊದಲೇ ಹುಲ್ಲಿನೊಳಗಿಂದ, ರೊಪ್ಪದ ಹಿಂದಿನಿಂದ, ಕಾಣದ ಹಟ್ಟಿಯ ಕಡೆಯಿಂದ ‘ಓ…’ ಎಂಬ ದನಿಗಳು ಏಳುತ್ತವೆ. ಕರೆದದ್ದು ಮನುಷ್ಯರೋ ಗಾಳಿಯೋ ಎಂದು ಯಾರೂ ಕೇಳುವುದಿಲ್ಲ. ಸ್ವಲ್ಪ ಹೊತ್ತಿಗೆ ಬಿಸಿಲ್ಗುದುರೆಯನ್ನು ಸೀಳಿಕೊಂಡು ಓಡಿ ಬರುವವರು ಕಾಣುತ್ತಾರೆ. ಒಬ್ಬೊಬ್ಬರ ಹೆಗಲ ಮೇಲೂ ಒಂದೊಂದು ಸುರುಳಿ ಹಗ್ಗ.